ಕಳಸಗಿತ್ತಿ ಬರಲಾಗದೆ ಹೋದಾಗ...

ಆಮಂತ್ರಣ ಪತ್ರಿಕೆ ಹಂಚಿ ಮುಗಿದಿದೆ. ಸಭಾಗೃಹಕ್ಕೆ ಮುಂಗಡ ಕೊಟ್ಟಾಗಿದೆ, ಮಾಟುಂಗಾದಲ್ಲಿ ಹೂವಿಗೆ ಹೇಳಿಯಾಗಿದೆ, ಊರಿನಿಂದ ಬರುವ ನೆಂಟರು ಉಳಿದುಕೊಳ್ಳಲು ಪಕ್ಕದ ಸೊಸೈಟಿಯಲ್ಲಿ ಎರಡು ಖಾಲಿ ಮನೆಗಳನ್ನೂ ನೋಡಿಡಲಾಗಿದೆ. ಮದುವೆಗೆ ಐದೇ ದಿನ ಇದೆ ಎನ್ನುವಾಗ ಮದುಮಗಳ ಅಕ್ಕನ ಮನೆಯಿಂದ ಫೋನ್ ಬರುತ್ತದೆ. ಆಕೆಯ ಮಾವನ ತಮ್ಮ ತೀರಿಕೊಂಡಿದ್ದಾರೆ. ಅಕ್ಕನಿಗೆ ಸೂತಕ. ಕಳಸ ಹಿಡಿಯಬೇಕಾಗಿದ್ದವಳು ಅವಳೇ.

ಮುಂಬಯಿಯ ಕನ್ನಡ ಕುಟುಂಬಗಳಿಗೆ ಇಂತಹ ಫೋನ್ ಅಪರೂಪದ್ದೇನಲ್ಲ. ಊರಿನಲ್ಲಾದರೆ ಚಪ್ಪರದಡಿ ಹತ್ತು ಜನ ಚಿಕ್ಕಮ್ಮ-ದೊಡ್ಡಮ್ಮನ ಮಕ್ಕಳು ಓಡಾಡುತ್ತಿರುತ್ತಾರೆ, ಒಬ್ಬಳಲ್ಲದಿದ್ದರೆ ಇನ್ನೊಬ್ಬಳು ಮುಂದೆ ಬರುತ್ತಾಳೆ. ಇಲ್ಲಿ ಹತ್ತಿರದ ಸಂಬಂಧವೆಂದು ಇರುವುದೇ ಒಂದೆರಡು ಮನೆ. ಅದರಲ್ಲಿ ಒಬ್ಬಳು ತಪ್ಪಿದರೆ ಮದುವೆ ಮನೆಯ ಲೆಕ್ಕಾಚಾರವೇ ಏರುಪೇರಾಗುತ್ತದೆ.

ಕಳಸಗಿತ್ತಿಯ ಕೆಲಸ ನೋಡಲು ಸಣ್ಣದು. ನೀರು ತುಂಬಿ, ಎಲೆ ಇಟ್ಟು, ಮೇಲೆ ತೆಂಗಿನಕಾಯಿ ಕೂರಿಸಿದ ಕಳಸವನ್ನು ಹಿಡಿದು ಮದುಮಗಳ ಪಕ್ಕದಲ್ಲಿ ನಿಲ್ಲುವುದು. ಕರಾವಳಿಯ ಮನೆಗಳಲ್ಲಿ ಕಲಶ-ಕನ್ನಡಿ ಹಿಡಿದು ದಿಬ್ಬಣವನ್ನು ಎದುರುಗೊಳ್ಳುವ ಪದ್ಧತಿಯೂ ಇದೆ. ಮರಾಠಿಗರ ಮದುವೆಯಲ್ಲಿ ‘ಕರವಲಿ’ ಎಂದು ಕರೆಯುವುದು ಇಂತಹದೇ ಸ್ಥಾನವನ್ನು. ಆದರೆ ಸೀರೆಯ ನೆರಿಗೆ ಸರಿಪಡಿಸುವುದು, ಬೆವರು ಒರೆಸುವುದು, ಹೊಗೆಯಲ್ಲಿ ಕಣ್ಣೀರು ಬಂದಾಗ ಕರವಸ್ತ್ರ ಕೊಡುವುದು, ‘ಹೆದರಬೇಡ, ನಾನಿದ್ದೇನೆ’ ಎಂದು ಕಿವಿಯಲ್ಲಿ ಹೇಳುವುದು, ಇವೆಲ್ಲ ಆಕೆಯದೇ ಪಾಲು. ಮಂತ್ರ ಪುರೋಹಿತರದಾದರೆ ಧೈರ್ಯ ಕಳಸಗಿತ್ತಿಯದು. ಆದ್ದರಿಂದಲೇ ಆ ಜಾಗ ಖಾಲಿಯಾದಾಗ ಮದುಮಗಳಿಗೆ ಆಗುವ ಸಂಕಟ ಹಿರಿಯರಿಗೆ ಬೇಗ ಅರ್ಥವಾಗುವುದಿಲ್ಲ. ‘ಯಾರಾದರೂ ಹಿಡಿದರಾಯಿತು’ ಎಂದುಬಿಡುತ್ತಾರೆ.

ಸೂತಕದ ವಿಷಯವನ್ನು ಇಲ್ಲಿ ಸ್ವಲ್ಪ ಬಿಡಿಸಿ ನೋಡಬೇಕು. ಮದುವೆಯಾಗಿ ಹೋದ ಹೆಣ್ಣಿಗೆ ಗಂಡನ ಮನೆಯ ಗೋತ್ರ ಎನ್ನುವ ಪಂಗಡಗಳಲ್ಲಿ ಆ ಮನೆಯ ದಾಯಾದಿಗಳ ಸಾವಿನ ಸೂತಕ ಅವಳಿಗೆ ತಗಲುತ್ತದೆ, ತವರಿನವರಿಗೆ ತಗಲುವುದಿಲ್ಲ. ಹಾಗಾಗಿ ಮದುವೆ ನಿಲ್ಲುವುದಿಲ್ಲ, ಅಕ್ಕ ಮಾತ್ರ ಹೊರಗುಳಿಯುತ್ತಾಳೆ. ತವರಿನವರೆಲ್ಲ ಮಂಟಪದಲ್ಲಿರುವಾಗ ಅವಳೊಬ್ಬಳು ಡೊಂಬಿವಲಿಯಲ್ಲೋ ವಿರಾರ್‌ನಲ್ಲೋ ಗಡಿಯಾರ ನೋಡುತ್ತ, ಈಗ ಧಾರೆ ಎರೆಯುತ್ತಿರಬಹುದು ಎಂದು ಲೆಕ್ಕ ಹಾಕುತ್ತ ಕೂರಬೇಕು. ಅಳಿಯಕಟ್ಟಿನ ಸಮುದಾಯಗಳಲ್ಲಿ ಬಳಿ ತಾಯಿಯಿಂದ ಬರುವುದರಿಂದ ಅಕ್ಕ-ತಂಗಿಯರದು ಒಂದೇ ಬಳಿ. ಅಲ್ಲಿ ಸೂತಕದ ವಿಚಾರವೇ ಬೇರೆ. ಎಷ್ಟು ದಿನ ಎನ್ನುವುದೂ ಪಂಗಡದಿಂದ ಪಂಗಡಕ್ಕೆ ಬದಲಾಗುತ್ತದೆ. ಇನ್ನು ಮದುವೆ ಮನೆಯಲ್ಲಿ ನಾಂದಿ ಆದ ಬಳಿಕ ಸೂತಕ ಬಂದರೂ ಆ ಶುಭಕಾರ್ಯಕ್ಕೆ ಬಾಧಕವಿಲ್ಲವೆಂಬುದು ಪುರೋಹಿತರು ಹೇಳುವ ನಿಯಮ. ಆದರೆ ಅದು ಮದುವೆ ನಡೆಸುವವರಿಗೆ ಇರುವ ರಿಯಾಯಿತಿ, ಬೇರೆ ಮನೆಯ ಸೂತಕದಲ್ಲಿರುವ ಅಕ್ಕನಿಗೆ ಅದನ್ನು ಅನ್ವಯಿಸಿಕೊಳ್ಳಲು ಬರುವುದಿಲ್ಲ. ಈ ಎಲ್ಲವನ್ನೂ ಕೇಳಬೇಕಾದ್ದು ಅಕ್ಕನ ಗಂಡನ ಮನೆಯ ಪುರೋಹಿತರನ್ನು, ವಾಟ್ಸಾಪ್ ಗುಂಪಿನಲ್ಲಿರುವ ನಲವತ್ತು ಜನರನ್ನಲ್ಲ. ಒಂದು ದಿನದ ಲೆಕ್ಕ ಆಚೀಚೆಯಾಗಿ, ಬರಬಹುದಾಗಿದ್ದವಳು ಮನೆಯಲ್ಲೇ ಉಳಿದುಹೋಗುವುದೂ ಉಂಟು.

ಲೆಕ್ಕ ಸ್ಪಷ್ಟವಾಗಿ, ಬರಲಾಗದು ಎಂದಾದ ಮೇಲೆ ತವರಿನವರು ಒತ್ತಾಯ ಮಾಡದಿರುವುದೇ ಒಳ್ಳೆಯದು. ‘ಯಾರಿಗೆ ಗೊತ್ತಾಗುತ್ತದೆ, ಸಂಜೆ ಆರತಕ್ಷತೆಗಾದರೂ ಬಂದು ಹೋಗು’ ಎಂದು ತಾಯಿ ಕರೆಯುವುದು ಸಹಜ. ಆದರೆ ಮರುದಿನ ಅವಳು ಮುಖ ಎತ್ತಿ ಓಡಾಡಬೇಕಾದದ್ದು ಸಾವಾದ ಆ ಮನೆಯಲ್ಲಿ. ಬರುವುದೋ ಬಿಡುವುದೋ ಎಂಬುದನ್ನು ಅವಳು ಮತ್ತು ಅವಳ ಮನೆಯವರು ತೀರ್ಮಾನಿಸಲಿ.

ಸುದ್ದಿಯನ್ನು ಮದುಮಗಳಿಗೆ ಯಾರು ತಿಳಿಸಬೇಕು ಎಂಬಲ್ಲಿಯೇ ಅನೇಕ ಮನೆಗಳಲ್ಲಿ ಎಡವಟ್ಟಾಗುತ್ತದೆ. ‘ಈಗಲೇ ಹೇಳಬೇಡಿ, ಹುಡುಗಿ ಅಳುತ್ತಾಳೆ’ ಎಂದು ಮುಚ್ಚಿಟ್ಟು, ಮೆಹಂದಿಯ ದಿನ ಮೂರನೆಯವರ ಬಾಯಿಂದ ಅವಳಿಗೆ ಗೊತ್ತಾದರೆ, ಅಕ್ಕ ಬಾರದ ದುಃಖಕ್ಕಿಂತ ತನಗೆ ಹೇಳಲಿಲ್ಲವೆಂಬ ಸಿಟ್ಟೇ ದೊಡ್ಡದಾಗುತ್ತದೆ. ಅಕ್ಕನೇ ನೇರವಾಗಿ ತಂಗಿಗೆ ಫೋನ್ ಮಾಡಿ ಹೇಳಲಿ. ತಂಗಿ ಅತ್ತರೆ ಅಳಲಿ, ಇಬ್ಬರೂ ಸೇರಿ ಅತ್ತರೆ ಇನ್ನೂ ಒಳ್ಳೆಯದು. ಆಮೇಲೆ ತನ್ನ ಬದಲಿಗೆ ಯಾರು ನಿಲ್ಲಬೇಕೆಂದು ಅಕ್ಕನೇ ಹೆಸರು ಸೂಚಿಸಿದರೆ ಅರ್ಧ ಭಾರ ಇಳಿದಂತೆ.

ಬದಲಿಗೆ ಬರುವವಳ ಮನಸ್ಸನ್ನೂ ನೋಡಬೇಕಲ್ಲ! ಅತ್ತೆಯ ಮಗಳನ್ನೋ ಚಿಕ್ಕಪ್ಪನ ಸೊಸೆಯನ್ನೋ ಮದುವೆಯ ಬೆಳಿಗ್ಗೆ ಮಂಟಪದ ಹತ್ತಿರ ಕೈಹಿಡಿದೆಳೆದು ‘ಸ್ವಲ್ಪ ಹೊತ್ತು ನಿಂತುಬಿಡು ಮಾರಾಯ್ತಿ’ ಎನ್ನುವುದು ಮರ್ಯಾದೆಯಲ್ಲ. ಮೊದಲು ಕರೆಯದೆ ಈಗ ಕರೆದರಲ್ಲ ಎಂಬ ಕಸಿವಿಸಿ ಅವಳಿಗೆ ಇದ್ದೇ ಇರುತ್ತದೆ. ಮನೆಗೆ ಹೋಗಿ, ಕುಂಕುಮ ಕೊಟ್ಟು, ಇದ್ದದ್ದನ್ನು ಇದ್ದ ಹಾಗೆ ಹೇಳಿ ಕೇಳಿದರೆ ಯಾರೂ ಇಲ್ಲವೆನ್ನಲಾರರು. ಸಂಬಂಧದಲ್ಲಿ ಯಾರೂ ಸಿಗದಿದ್ದರೆ ಚಿಕ್ಕಂದಿನಿಂದ ಜೊತೆಗೆ ಆಡಿದ ಪಕ್ಕದ ಮನೆಯ ಮರಾಠಿ ಹುಡುಗಿ ಇದ್ದಾಳೆ, ಕರವಲಿಯ ಪದ್ಧತಿ ಗೊತ್ತಿರುವವಳಿಗೆ ಕಳಸ ಹಿಡಿಯುವುದನ್ನು ವಿವರಿಸಬೇಕಾಗಿಯೇ ಇಲ್ಲ. ಸೀರೆ ಯಾರಿಗಾದರೂ ಆಗುತ್ತದೆ, ರವಿಕೆಯದ್ದೇ ತಾಪತ್ರಯ. ದರ್ಜಿಗೆ ಮೊದಲೇ ಒಳಗೆ ಸ್ವಲ್ಪ ಬಟ್ಟೆ ಬಿಟ್ಟು ಹೊಲಿಯಲು ಹೇಳಿದ್ದರೆ ಒಂದು ಸಂಜೆಯಲ್ಲಿ ಬಿಚ್ಚಿ ಸರಿಮಾಡಿಕೊಡುತ್ತಾನೆ.

ಸೂತಕವೊಂದೇ ಕಾರಣವಲ್ಲ. ಪರೀಕ್ಷೆಯ ದಿನ ಬದಲಾಗುತ್ತದೆ, ರಜೆ ಸಿಗುವುದಿಲ್ಲ, ವೈದ್ಯರು ಬಸುರಿಗೆ ಪ್ರಯಾಣ ಬೇಡವೆನ್ನುತ್ತಾರೆ. ಮದುವೆ ಊರಿನಲ್ಲಿದ್ದು ಕಳಸಗಿತ್ತಿ ಮುಂಬಯಿಯವಳಾದರೆ ರೈಲಿನ ಟಿಕೆಟಿನ ಚಿಂತೆ ಬೇರೆ. 2024ರ ನವೆಂಬರ್ 1ರಿಂದ ಮುಂಗಡ ಕಾದಿರಿಸುವ ಅವಧಿ 120 ದಿನಗಳಿಂದ 60 ದಿನಗಳಿಗೆ ಇಳಿದ ಮೇಲೆ ಕೊನೆಯ ಗಳಿಗೆಯಲ್ಲಿ ಬದಲಿ ವ್ಯಕ್ತಿಗೆ ಹೊಸ ಟಿಕೆಟ್ ಸಿಗುತ್ತದೆಂದು ನೆಚ್ಚಿಕೊಳ್ಳುವಂತಿಲ್ಲ. ಅನೇಕರು ಗಮನಿಸದ ಒಂದು ಸೌಲಭ್ಯ ರೈಲ್ವೆಯಲ್ಲಿದೆ. ಖಾತ್ರಿಯಾದ ಟಿಕೆಟನ್ನು ರೈಲು ಹೊರಡುವುದಕ್ಕೆ 24 ಗಂಟೆ ಮುಂಚೆ ಅರ್ಜಿ ಕೊಟ್ಟು ತಂದೆ, ತಾಯಿ, ಅಣ್ಣತಮ್ಮ, ಅಕ್ಕತಂಗಿ, ಮಗ, ಮಗಳು, ಗಂಡ ಅಥವಾ ಹೆಂಡತಿಯ ಹೆಸರಿಗೆ ಒಮ್ಮೆ ಬದಲಾಯಿಸಿಕೊಳ್ಳಬಹುದು. ಅಕ್ಕನ ಟಿಕೆಟಿನಲ್ಲಿ ತಂಗಿ ಊರಿಗೆ ಹೋಗಿ ಕಳಸ ಹಿಡಿಯಲು ಅಡ್ಡಿಯಿಲ್ಲ.

ಚರ್ಚಿನ ಮದುವೆಗಳಲ್ಲಿಯೂ ಬ್ರೈಡ್ಸ್‌ಮೇಡ್ ಆಗಬೇಕಾದವಳು ತಪ್ಪಿದರೆ ಇದೇ ಕಳವಳ. ಕಥೋಲಿಕ ಧರ್ಮಸಭೆಯ ನಿಯಮ ಕೇಳುವುದು ಗುರುಗಳ ಎದುರಿನಲ್ಲಿ ಇಬ್ಬರು ಸಾಕ್ಷಿಗಳನ್ನು ಮಾತ್ರ, ಅವರು ಇಂತಹವರೇ ಆಗಬೇಕೆಂದಿಲ್ಲ. 1954ರ ವಿಶೇಷ ವಿವಾಹ ಕಾಯಿದೆಯಡಿ ನೋಂದಣಿ ಕಚೇರಿಯಲ್ಲಿ ಮದುವೆಯಾಗುವವರಿಗೆ ಮಾತ್ರ ಒಂದು ಎಚ್ಚರಿಕೆ ಬೇಕು. ಅಲ್ಲಿ ಮೂವರು ಸಾಕ್ಷಿಗಳ ಸಹಿ ಕಡ್ಡಾಯ. ಗೆಳತಿಯೇ ಒಬ್ಬ ಸಾಕ್ಷಿ ಎಂದು ನಂಬಿಕೊಂಡಿದ್ದರೆ ನಾಲ್ಕನೆಯವರೊಬ್ಬರನ್ನು ಗುರುತಿನ ಚೀಟಿ ಸಮೇತ ಸಿದ್ಧವಾಗಿಟ್ಟುಕೊಳ್ಳುವುದು ಜಾಣತನ.

2021ರ ಏಪ್ರಿಲ್‌ನಲ್ಲಿ ಮಹಾರಾಷ್ಟ್ರ ಸರಕಾರ ಕೊರೊನಾ ಕಾರಣದಿಂದ ಮದುವೆಗೆ 25 ಜನ, ಎರಡು ಗಂಟೆ ಎಂದು ಮಿತಿ ಹಾಕಿದಾಗ ಎಷ್ಟೋ ಅಕ್ಕ-ತಂಗಿಯರು ಮೊಬೈಲಿನಲ್ಲೇ ಧಾರೆ ನೋಡಿದರು. ಆ ಅಭ್ಯಾಸ ಈಗಲೂ ಉಪಯೋಗಕ್ಕೆ ಬರುತ್ತದೆ. ಆದರೆ ಮೊಬೈಲ್ ಹಿಡಿಯುವ ಕೆಲಸವನ್ನು ಒಬ್ಬ ಹುಡುಗನಿಗೆ ಮೊದಲೇ ಒಪ್ಪಿಸಿಡಬೇಕು, ಇಲ್ಲವಾದರೆ ಅಕ್ಕನಿಗೆ ಕಾಣುವುದು ಫೋಟೋಗ್ರಾಫರನ ಬೆನ್ನು ಮಾತ್ರ!

ಅಕ್ಕನಿಗೆಂದು ತಂದ ಸೀರೆಯನ್ನು ಬದಲಿಗೆ ನಿಂತವಳಿಗೆ ಕೊಟ್ಟು ಕೈತೊಳೆದುಕೊಳ್ಳುವ ಮನೆಗಳೂ ಇವೆ, ಅದು ಸರಿಯಲ್ಲ. ಇವಳಿಗೆ ಬೇರೆ ಸೀರೆ ತರಬೇಕು, ಅಕ್ಕನದು ಅಕ್ಕನಿಗೇ ಸಲ್ಲಬೇಕು. ಸೂತಕ ಕಳೆದ ಮೇಲೆ ಮದುಮಕ್ಕಳನ್ನು ಕರೆದು ಊಟ ಹಾಕುವ ಮೊದಲ ಸಮ್ಮಾನ ಅಕ್ಕನ ಮನೆಯದಾಗಲಿ. ತಂಗಿ ಆ ಸೀರೆಯನ್ನು ಹೂವು-ವೀಳ್ಯದ ಜೊತೆ ತಟ್ಟೆಯಲ್ಲಿಟ್ಟುಕೊಂಡು ಹೋಗಲಿ. ಅಂದಿನ ಫೋಟೋವನ್ನೂ ಮದುವೆಯ ಆಲ್ಬಮ್ಮಿಗೆ ಸೇರಿಸಲು, ಎರಡು ಪುಟ ಖಾಲಿ ಬಿಡುವಂತೆ ಫೋಟೋಗ್ರಾಫರಿಗೆ ಮುಂಚಿತವಾಗಿಯೇ ಹೇಳಿಟ್ಟರಾಯಿತು.