ಎರಡು ವರ್ಷದ ಸಂಗೀತಗಾರ

ಚೀನಾದ ರಾಷ್ಟ್ರಗೀತೆ ಮೂಲತಃ ಒಂದು ಸಿನಿಮಾ ಹಾಡು. ಅದಕ್ಕೆ ರಾಗ ಹಾಕಿದ ನೀ ಅರ್ ಚಿತ್ರಗಳಿಗೆ ಸಂಗೀತ ನೀಡಿದ್ದು ಸುಮಾರು ಎರಡು ವರ್ಷ ಮಾತ್ರ. 1912ರಲ್ಲಿ ಕುನ್‌ಮಿಂಗ್‌ನಲ್ಲಿ ಹುಟ್ಟಿದ ಈತ ಶಾಂಘೈಗೆ ಬಂದು ಗಣಿ ಕೂಲಿಗಳ, ರಸ್ತೆ ಕಾರ್ಮಿಕರ ಬವಣೆಯನ್ನು ಹಾಡಾಗಿಸಿದ.

1935ರಲ್ಲಿ ಜಪಾನಿ ಆಕ್ರಮಣವನ್ನು ಪ್ರತಿಭಟಿಸುವ ಚಿತ್ರವೊಂದು ತಯಾರಾಗುತ್ತಿತ್ತು. ಅದಕ್ಕೆ ಹಾಡು ಬರೆದ ಟಿಯಾನ್ ಹಾನ್ ಜೈಲು ಸೇರಿದ. ಬಂಧನದ ಭೀತಿಯಿಂದ ನೀ ಅರ್ ಓಡಿದ್ದಾದರೂ ಎಲ್ಲಿಗೆ? ಜಪಾನಿಗೇ! ಹಾಡಿನ ಸ್ವರಲಿಪಿ ಅಲ್ಲಿಂದಲೇ ಶಾಂಘೈಗೆ ಬಂತು. ಮೇ ತಿಂಗಳಲ್ಲಿ ಚಿತ್ರ ತೆರೆಕಂಡಿತು. ಜುಲೈ 17ರಂದು ಆತ ಅಲ್ಲಿನ ಕಡಲಲ್ಲಿ ಮುಳುಗಿ ಸತ್ತ. ವಯಸ್ಸು 23.

1949ರಲ್ಲಿ ಅದು ತಾತ್ಕಾಲಿಕ ರಾಷ್ಟ್ರಗೀತೆಯಾಯಿತು. ಸಾಂಸ್ಕೃತಿಕ ಕ್ರಾಂತಿಯಲ್ಲಿ ಮತ್ತೆ ಬಂಧಿತನಾದ ಟಿಯಾನ್ ಹಾನ್ 1968ರಲ್ಲಿ ಸೆರೆಯಲ್ಲೇ ತೀರಿಕೊಂಡ. ಅವನ ಪದಗಳನ್ನು ಹಾಡುವಂತಿರಲಿಲ್ಲ. ವಾದ್ಯಗಳಲ್ಲಿ ರಾಗವಷ್ಟೇ ಮೊಳಗುತ್ತಿತ್ತು. 1978ರಲ್ಲಿ ಅದೇ ರಾಗಕ್ಕೆ ಬೇರೆ ಸಾಹಿತ್ಯ ಜೋಡಿಸಿದರು. ಹಳೆಯ ಪದಗಳು ಮರಳಿದ್ದು 1982ರಲ್ಲಿ.