ಸುರಪುರ: ಅರಸು ಮನೆತನಕ್ಕೂ ಮತದ ಪರೀಕ್ಷೆ

ಬೇಡ ನಾಯಕ ಅರಸರ ರಾಜಧಾನಿಯಾಗಿದ್ದ ಸುರಪುರದಲ್ಲಿ ವೆಂಕಟಪ್ಪ ನಾಯಕ ಎಂಬುದು ದೊಡ್ಡ ಹೆಸರು. ನಾಲ್ವಡಿ ರಾಜಾ ವೆಂಕಟಪ್ಪ ನಾಯಕ 1858ರಲ್ಲಿ ಬ್ರಿಟಿಷರ ವಿರುದ್ಧ ಸಿಡಿದೆದ್ದರು. ಆ ಸೋಲಿನೊಂದಿಗೆ ಸಂಸ್ಥಾನ ಕೈತಪ್ಪಿತು. ಅದೇ ಹೆಸರಿನ ವಂಶಜರೊಬ್ಬರು 1994ರಲ್ಲಿ ಶಾಸಕರಾದರು.

1999ರಲ್ಲಿಯೂ ಗೆದ್ದ ಅವರಿಗೆ ಮುಂದಿನ ಹಾದಿ ಸುಗಮವಾಗಿರಲಿಲ್ಲ. 2004ರಲ್ಲಿ ಕ್ಷೇತ್ರ ಕನ್ನಡ ನಾಡು ಪಕ್ಷದ ನರಸಿಂಹ ನಾಯಕರ (ರಾಜೂಗೌಡ) ಪಾಲಾಯಿತು. ರಾಜ್ಯದಲ್ಲಿ ಆ ಪಕ್ಷ ಗೆದ್ದದ್ದು ಇದೊಂದೇ ಸ್ಥಾನ. 2008ರ ಚುನಾವಣೆಯ ಹೊತ್ತಿಗೆ ಕ್ಷೇತ್ರ ಪರಿಶಿಷ್ಟ ಪಂಗಡಕ್ಕೆ ಮೀಸಲಾಗಿತ್ತು. ಎದುರಾಳಿಗಳಿಬ್ಬರೂ ನಾಯಕ ಸಮುದಾಯದವರೇ ಆದ್ದರಿಂದ ಜಾತಿಬಲವೊಂದನ್ನೇ ನೆಚ್ಚುವಂತಿರಲಿಲ್ಲ. 2008ರಲ್ಲಿ ಬಿಜೆಪಿಯಿಂದ ರಾಜೂಗೌಡ, 2013ರಲ್ಲಿ ಕಾಂಗ್ರೆಸ್ಸಿನ ವೆಂಕಟಪ್ಪ ನಾಯಕ, 2018ರಲ್ಲಿ ಮತ್ತೆ ರಾಜೂಗೌಡ, 2023ರಲ್ಲಿ ಮತ್ತೆ ವೆಂಕಟಪ್ಪ ನಾಯಕ: ಮತದಾರರು ಒಮ್ಮೆ ಇವರನ್ನು, ಒಮ್ಮೆ ಅವರನ್ನು ಆರಿಸುತ್ತ ಬಂದರು.

ನಾಲ್ಕು ಬಾರಿ ಶಾಸಕರಾಗಿದ್ದ ವೆಂಕಟಪ್ಪ ನಾಯಕ 2024ರ ಫೆಬ್ರುವರಿ 25ರಂದು ನಿಧನರಾದರು. ಉಪಚುನಾವಣೆಯಲ್ಲಿ ಅವರ ಪುತ್ರ ರಾಜಾ ವೇಣುಗೋಪಾಲ ನಾಯಕ ಗೆದ್ದರು. ಎದುರಾಳಿ ಅದೇ ರಾಜೂಗೌಡ. ಹಿಂದೆ ಪಟ್ಟ ತಂದೆಯಿಂದ ಮಗನಿಗೆ ಬರುತ್ತಿತ್ತು. ಈಗ ಅರಮನೆಯ ಮಗನೂ ಊರೂರು ಸುತ್ತಿ ಮತ ಕೇಳಲೇಬೇಕು.