ನಗರದ ರೈತರ ದಂಗೆ

ಬೆಂಗಳೂರಿನಿಂದ ತುಮಕೂರಿಗೆ ಹೋಗುವ ಹೆದ್ದಾರಿಯಲ್ಲಿ, ಶಿವಗಂಗೆಯ ಬೆಟ್ಟದ ಸಮೀಪದಲ್ಲಿ, ದಾಬಸ್‌ಪೇಟೆ ಎಂಬ ಊರಿದೆ. ಈ ಹೆಸರು ಡಾಬ್ಸ್ ಎಂಬ ಆಂಗ್ಲ ಅಧಿಕಾರಿಯಿಂದ ಬಂದುದು. ಮೈಸೂರು ಅರಸರ ನಾಡಿನಲ್ಲಿ ಆಂಗ್ಲನೊಬ್ಬನ ಹೆಸರಿನ ಪೇಟೆ ಹುಟ್ಟಿದುದೇಕೆ? ಇದರ ಉತ್ತರ ಮಲೆನಾಡಿನ ರೈತರು ಹೂಡಿದ ದಂಗೆಯೊಂದರಲ್ಲಿದೆ.

1799ರಲ್ಲಿ ಟಿಪ್ಪು ಸುಲ್ತಾನನು ಮಡಿದ ಮೇಲೆ ಈಸ್ಟ್ ಇಂಡಿಯಾ ಕಂಪನಿಯು ಬಾಲಕರಾಗಿದ್ದ ಮುಮ್ಮಡಿ ಕೃಷ್ಣರಾಜ ಒಡೆಯರನ್ನು ಸಿಂಹಾಸನದಲ್ಲಿ ಕುಳ್ಳಿರಿಸಿತು. ಅದಕ್ಕೆ ಪ್ರತಿಯಾಗಿ ಸಂಸ್ಥಾನವು ವರ್ಷಕ್ಕೆ 7 ಲಕ್ಷ ವರಹಗಳನ್ನು ಕಂಪನಿಗೆ ತೆರಬೇಕಾಯಿತು. ಅರಮನೆಯ ಖರ್ಚೂ ಬೆಳೆಯಿತು. ಈ ಹೊರೆಯೆಲ್ಲ ಕೊನೆಗೆ ಇಳಿದುದು ರೈತನ ಬೆನ್ನಿನ ಮೇಲೆ. 'ಶರತ್ತು' ಪದ್ಧತಿಯಂತೆ ಅಮಲ್ದಾರನು ಗೊತ್ತಾದ ಮೊತ್ತವನ್ನು ವಸೂಲು ಮಾಡಿಕೊಡುವುದಾಗಿ ಒಪ್ಪಿಕೊಳ್ಳಬೇಕು. ಕಡಿಮೆ ಬಿದ್ದರೆ ತಾನೇ ತುಂಬಬೇಕು. ಆದ್ದರಿಂದ ಮಳೆ ಹೋದರೂ ಬೆಳೆ ಕೆಟ್ಟರೂ ಅವನು ರೈತನನ್ನು ಬಿಡುತ್ತಿರಲಿಲ್ಲ. ಕಂದಾಯದ ಜೊತೆಗೆ ನೂರಾರು ಚಿಲ್ಲರೆ ತೆರಿಗೆಗಳಿದ್ದವು. ಮದುವೆಯಾದರೆ ತೆರಿಗೆ, ಮಗು ಹುಟ್ಟಿದರೆ ತೆರಿಗೆ, ಅದಕ್ಕೆ ಹೆಸರಿಟ್ಟರೂ ತೆರಿಗೆ!

1830ರಲ್ಲಿ ನಗರ ಸೀಮೆಯ ರೈತರ ತಾಳ್ಮೆ ಮೀರಿತು. ಅವರು ಕೂಟ ಸೇರಿ ಕಂದಾಯ ಕೊಡಲು ನಿರಾಕರಿಸಿದರು. ನಗರದ ಗದ್ದುಗೆ ತನ್ನದೆಂದು ಸಾರಿದ ಬೂದಿ ಬಸವಪ್ಪನೂ ತರೀಕೆರೆಯ ಪಾಳೆಯಗಾರನೂ ದಂಗೆಯ ಮುಂದಾಳುಗಳಾದರು. ಅರಸರ ಪಡೆಯಿಂದ ದಂಗೆ ಅಡಗದಿರಲು ಕಂಪನಿಯ ಸೈನ್ಯ ಬಂದಿತು. 1831ರ ಜೂನ್ ತಿಂಗಳಲ್ಲಿ ನಗರದ ಕೋಟೆ ಅದರ ವಶವಾಯಿತು. ಹೀಗೆ, ಅರಸರ ಅಧಿಕಾರಿಗಳ ವಿರುದ್ಧ ಎದ್ದ ರೈತರು ಕೊನೆಗೆ ಕಪ್ಪ ಪಡೆಯುತ್ತಿದ್ದ ಕಂಪನಿಯ ಬಂದೂಕುಗಳನ್ನೇ ಎದುರಿಸಬೇಕಾಯಿತು.

ಅದೇ ವರ್ಷ ಗವರ್ನರ್ ಜನರಲ್ ಬೆಂಟಿಂಕನು ದುರಾಡಳಿತದ ಕಾರಣವೊಡ್ಡಿ ಮೈಸೂರಿನ ಆಡಳಿತವನ್ನು ಕಂಪನಿಯ ಕೈಗೆ ತೆಗೆದುಕೊಂಡನು. 1834ರಲ್ಲಿ ಕಮಿಷನರಾಗಿ ಬಂದ ಮಾರ್ಕ್ ಕಬ್ಬನ್ 1861ರವರೆಗೆ ಆಳಿದನು. ಸಂಸ್ಥಾನವನ್ನು ನಾಲ್ಕು ವಿಭಾಗಗಳಾಗಿ ಮಾಡಲಾಯಿತು. ಅವುಗಳಲ್ಲಿ ಚಿತ್ರದುರ್ಗ ವಿಭಾಗದ ಮೇಲಧಿಕಾರಿಯಾಗಿ ತುಮಕೂರಿನಲ್ಲಿ ನೆಲಸಿದವನೇ ಡಾಬ್ಸ್. ತುಮಕೂರು, ಗುಬ್ಬಿಗಳನ್ನು ಹಾದು ಶಿವಮೊಗ್ಗೆಯ ಕಡೆಗೆ ಸಾಗುವ ರಸ್ತೆಯೂ ಆ ಕಾಲದಲ್ಲಿ ಸುಧಾರಿಸಿತು. ಅದು ವ್ಯಾಪಾರದ ಗಾಡಿಗೂ ದಾರಿ, ದಂಡಿಗೂ ದಾರಿ.

ದಂಗೆ ಸೋತಿತೆಂಬುದು ನಿಜ. ಆದರೆ ರೈತರ ಕೂಗು ವ್ಯರ್ಥವಾಗಲಿಲ್ಲ. ಶರತ್ತು ಪದ್ಧತಿ ಅಳಿಯಿತು. ಕಬ್ಬನ್ನನ ಕಾಲದಲ್ಲಿ 769 ಚಿಲ್ಲರೆ ತೆರಿಗೆಗಳು ರದ್ದಾದವು. ಕಂಪನಿಯ ಕಪ್ಪ ಮಾತ್ರ ನಿಲ್ಲಲಿಲ್ಲ. ಒಡೆಯರ ಮನೆತನಕ್ಕೆ ರಾಜ್ಯ ಮರಳಿದುದು 50 ವರ್ಷಗಳ ಬಳಿಕ, 1881ರಲ್ಲಿ. ಆಳಿದವರ ಹೆಸರು ಪೇಟೆಗೆ, ರಸ್ತೆಗೆ, ಉದ್ಯಾನಕ್ಕೆ ಉಳಿದಿದೆ. ಮಗುವಿಗೆ ಹೆಸರಿಡಲೂ ತೆರಿಗೆ ತೆತ್ತು, ಕಡೆಗೆ 'ಕೊಡೆವು' ಎಂದು ಎದ್ದುನಿಂತ ಆ ರೈತರಲ್ಲಿ ಬಹುಮಂದಿಯ ಹೆಸರನ್ನು ಯಾವ ಊರೂ ಹೊತ್ತಿಲ್ಲ. ಅವರನ್ನು ನೆನೆಯುವ ಹೊಣೆ ಚರಿತ್ರೆಯನ್ನು ಓದುವವರದು.